ಸಾಕ್ಷಿದಾರಳಿಗೆ ವಯಸ್ಸಾಗಿದೆ ಎಂದರೆ ಸರಿ

ನ್ಯಾಯಾಲಯಕ್ಕೆ ಬರಲಾರದ ಸಾಕ್ಷಿಯ ಮನೆಗೆ ನ್ಯಾಯಾಲಯವೇ ಹೋಗಬಹುದೆಂದು ಕಾನೂನಿನಲ್ಲಿದೆ. ನ್ಯಾಯಾಲಯಕ್ಕೆ ಕಾಲಿಲ್ಲದ ಕಾರಣ ಅದು ಒಬ್ಬ ವಕೀಲನನ್ನು ಕಳಿಸುತ್ತದೆ. ಹೋಗುವಾಗ ಅವನಿಗೆ ಕೋರ್ಟ್ ಕಮಿಷನರ್ ಎಂಬ ಬಿರುದನ್ನು ದಯಪಾಲಿಸುತ್ತದೆ. ಸಾಕ್ಷಿಯ ಹೇಳಿಕೆ ಬರೆದುಕೊಂಡು ಮರಳಿ ಬಂದು ಒಪ್ಪಿಸಿದ ಮೇಲೆ ಬಿರುದು ಇಳಿಯುತ್ತದೆ, ಕೋಟು ಉಳಿಯುತ್ತದೆ. ಸವದತ್ತಿ ತಾಲೂಕಿನಲ್ಲಿ ವಕೀಲಿ ಮಾಡಿಕೊಂಡಿರುವ ನನಗೆ ಈ ಪಟ್ಟಾಭಿಷೇಕ ಆಗಾಗ ನಡೆಯುತ್ತಿತ್ತು. ಆಗ ಅರವತ್ತೆಂಟಾಗಿತ್ತು, ಕೈಯಲ್ಲಿ ಕೇಸು ಕಡಿಮೆ, ಯಾರೊಂದಿಗೂ ಜಗಳವಿಲ್ಲ, ಇಷ್ಟೇ ಅರ್ಹತೆ.

ಹೇಳಹೊರಟದ್ದು ಅಂಥದೊಂದು ಕಮಿಷನ್ನಿನ ವಿಷಯ.

ಮುರಗೋಡದಿಂದ ಒಳಗೆ ಒಂದು ಹಳ್ಳಿ. ದಾವೆ ಒಂದು ಚಕ್ಕಡಿ ದಾರಿಯದು. ವಾದಿ ಮುಸಲ್ಮಾನರ ಮನೆತನದ ರೈತ. ಬಿಡುವಿದ್ದಾಗ ಬೇರೆಯವರ ಟ್ರ್ಯಾಕ್ಟರ್ ಹೊಡೆಯುತ್ತಾನೆ. ಅವನ ಹೊಲ ಪ್ರತಿವಾದಿಯ ಹೊಲದ ಹಿಂದಿದೆ. ಅಲ್ಲಿಗೆ ಹೋಗಲು ಪ್ರತಿವಾದಿಯ ಒಡ್ಡಿನ ಗುಂಟ ಒಂದು ದಾರಿ ಇತ್ತೆಂದು ವಾದಿಯ ಮಾತು. ಎಂದೂ ಇರಲಿಲ್ಲವೆಂದು ಪ್ರತಿವಾದಿಯ ಮಾತು. ಮಾತಿನ ಜೊತೆಗೆ ಅವನು ತಂತಿ ಬೇಲಿಯನ್ನೂ ಹಾಕಿದ್ದ. ಹಿಂದಿನ ಹಂಗಾಮಿನಲ್ಲಿ ವಾದಿಯ ಮನೆಯವರು ಕಬ್ಬನ್ನು ತಲೆಯ ಮೇಲೆ ಹೊತ್ತು ರಸ್ತೆಗೆ ತಂದಿದ್ದರು. ದಾರಿ ಸಿಗದಿದ್ದರೆ ಹೊಲ ಮಾರಬೇಕು. ದಾರಿಯಿಲ್ಲದ ಹೊಲಕ್ಕೆ ಗಿರಾಕಿ ಒಬ್ಬನೇ: ದಾರಿ ಮುಚ್ಚಿದವನು.

ಊರ ನಕ್ಷೆಯಲ್ಲಿ ಆ ದಾರಿ ಇರಲಿಲ್ಲ. ನಕ್ಷೆ ಬರೆದವರು ಚಕ್ಕಡಿಯಲ್ಲಿ ಬಂದಿರಲಿಲ್ಲವೆಂದು ಕಾಣುತ್ತದೆ. ಆ ದಾರಿಯಲ್ಲಿ ಅಡ್ಡಾಡಿದ ಹಿರಿಯರಲ್ಲಿ ಉಳಿದವಳು ಒಬ್ಬ ಮುದುಕಿ. ತೊಡಕೆಂದರೆ ಆಕೆ ಪ್ರತಿವಾದಿಯ ಸ್ವಂತ ದೊಡ್ಡವ್ವ, ಅವನ ತಂದೆಯ ಅಣ್ಣನ ಹೆಂಡತಿ. ತನ್ನವರ ವಿರುದ್ಧ ಸಾಕ್ಷಿ ಹೇಳಲು ಯಾಕೆ ಒಪ್ಪಿದಳೋ ದಾಖಲೆಯಲ್ಲಿಲ್ಲ. ವಾದಿ ಕೇಳಿದಾಗ “ಇದ್ದದ್ದ ಹೇಳಾಕ ಏನೈತಿ” ಎಂದಳಂತೆ. ಮೊಣಕಾಲು ಮಡಚುತ್ತಿರಲಿಲ್ಲ, ಬಸ್ಸು ಹತ್ತುವಂತಿರಲಿಲ್ಲ. ಆಕೆಯ ಮುಖ್ಯ ಹೇಳಿಕೆ ಪ್ರಮಾಣಪತ್ರದ ರೂಪದಲ್ಲಿ ಕೋರ್ಟಿಗೆ ಸೇರಿತ್ತು. ಉಳಿದದ್ದು ಪಾಟೀ ಸವಾಲು, ಅಂದರೆ ಎದುರು ಪಕ್ಷದ ವಕೀಲರು ಪ್ರಶ್ನೆ ಕೇಳಿ ಆ ಹೇಳಿಕೆಯನ್ನು ಅಲ್ಲಾಡಿಸಿ ನೋಡುವುದು. ಅದನ್ನು ಆಕೆಯ ಮನೆಯಲ್ಲೇ ಬರೆದುಕೊಂಡು ಬರಬೇಕೆಂದು ನನಗೆ ಆದೇಶವಾಯಿತು.

ದೀಪಾವಳಿ ಮುಗಿದ ಮೇಲೊಂದು ದಿನ ಹೋದೆವು. ನನ್ನ ಜೊತೆ ರಾಮದುರ್ಗದಿಂದ ಬಂದು ಸವದತ್ತಿಯಲ್ಲಿ ನೆಲೆಸಿದ್ದ ಟೈಪಿಸ್ಟ್ ಬಾಯಿ, ಅವರ ಲ್ಯಾಪ್‌ಟಾಪು, ಪ್ರಿಂಟರು. ಬೈಲಹೊಂಗಲದಿಂದ ವಾದಿಯ ವಕೀಲರು ಬಂದಿದ್ದರು. ಪ್ರತಿವಾದಿಯ ಪರವಾಗಿ ಒಬ್ಬ ತರುಣ ವಕೀಲರು, ಬಹಳ ಸಭ್ಯರು. ಪಡಸಾಲೆಗೆ ಬಂದವರೇ ಮುದುಕಿಯ ಕಾಲು ಮುಟ್ಟಿ ನಮಸ್ಕಾರ ಮಾಡಿದರು. ಪಾಟೀ ಸವಾಲಿಗೆ ಮೊದಲು ಸಾಕ್ಷಿಯ ಕಾಲು ಮುಟ್ಟಿದ ವಕೀಲರನ್ನು ನಾನು ಅದೇ ಮೊದಲು ನೋಡಿದ್ದು.

ಪಡಸಾಲೆಯಲ್ಲಿ ಅರ್ಧ ಊರು ಕೂತಿತ್ತು. ನಾನು ಕೋಟು ಸರಿಪಡಿಸಿಕೊಳ್ಳುವಷ್ಟರಲ್ಲಿ ಮುದುಕಿಯ ಸೊಸೆ ಬಂದು ಮೆಲ್ಲಗೆ ಹೇಳಿದಳು: “ಸಾಹೇಬ್ರ, ಜ್ವಾಕಿಲೆ ಕೇಳ್ರಿ. ಈಗೀಗ ನಮ್ಮ ಅತ್ತಿಯವರಿಗೆ ಏನೂ ನೆನಪ ಇರೂದಿಲ್ರಿ. ಮೊನ್ನಿ ಒಲಿ ಮ್ಯಾಲ ಹಾಲಿಟ್ಟು ಮರತ್ರು. ಅವತ್ತಿಂದ ಒಲಿ ಕಡೆ ಬಿಟ್ಟಿಲ್ಲ.”

ಮೆಲ್ಲಗೆ ಎಂದೆನಲ್ಲ, ಅದು ನನಗೆ ಮಾತ್ರ ಮೆಲ್ಲಗೆ. ಮುದುಕಿ ಎರಡು ಮೊಳ ದೂರದಲ್ಲಿ ಗೋಡೆಗೆ ಒರಗಿ ಕೂತಿದ್ದಳು.

ಇನ್ನು ಪ್ರಮಾಣವಚನ. ನಾನು ಗಂಟಲು ಸರಿಮಾಡಿಕೊಂಡು, ಹಳ್ಳದಾಚೆ ನಿಂತವರಿಗೆ ಹೇಳುವಂತೆ ಕೂಗಿ ಹೇಳಿದೆ: “ಆಯೀ! ದೇವರ ಮೇಲೆ ಆಣೆ ಮಾಡಿ! ಸತ್ಯವನ್ನೇ! ಹೇಳುತ್ತೇನೆ!”

“ಹೇಳತೇನಿ,” ಎಂದಳು. “ಆದ್ರ ಯಾಕಪಾ ಅಷ್ಟ ಒದರತೀರಿ? ಕಿವಿ ಚಲೋ ಅದಾವು.”

ಮಂದಿ ನಕ್ಕರು. ಆದರೂ ಮುಂದೆ ಯಾರೂ ದನಿ ತಗ್ಗಿಸಲಿಲ್ಲ. ಆಕೆ ತಮ್ಮ ಪರದ ಸಾಕ್ಷಿಯಾಗಿದ್ದರೂ ವಾದಿಯ ವಕೀಲರೂ ಕೂಗಿದರು.

ಹೆಸರಾಯಿತು, ಗಂಡನ ಹೆಸರಾಯಿತು. ಮೂರನೆಯದು ವಯಸ್ಸು. ಆಕೆಯ ಮಗ, ಅವ್ವನಿಗೆ ಎಂಬತ್ತೆರಡು ಎಂದ. ಪ್ರತಿವಾದಿ ಎಂಬತ್ತೈದಕ್ಕೆ ಕಡಿಮೆಯಿಲ್ಲ ಎಂದ. ಆಧಾರ್ ಕಾರ್ಡು ತಂದು ನೋಡಿದರೆ ಅದು ಇನ್ನೊಂದು ಹೇಳಿತು. ಅದರ ಪ್ರಕಾರ ಆಕೆ ಹುಟ್ಟಿದ್ದು ಜನವರಿ ಒಂದಕ್ಕೆ. ನಮ್ಮ ಭಾಗದ ಆ ಪೀಳಿಗೆಯವರೆಲ್ಲ ಒಂದೇ ದಿನ ಹುಟ್ಟಿದವರು. ಒಬ್ಬ ಮುದುಕ ಎದ್ದು ನಿಂತು, ನನಗಿಂತ ಆಕೆ ದೊಡ್ಡಾಕಿ, ನಾ ಇಷ್ಟಾದರೆ ಆಕೆ ಎಷ್ಟು ಎಂದು ಲೆಕ್ಕ ಹಾಕತೊಡಗಿದ. ಬಜಾರದಲ್ಲಿ ಎತ್ತಿನ ಹಲ್ಲು ನೋಡಿ ಮಾತಾಡುವ ಹಾಗೆ ಚರ್ಚೆ ನಡೆಯಿತು. ಎತ್ತು ಸುಮ್ಮನೆ ಕೂತಿತ್ತು. ಕೊನೆಗೆ “ಸುಮಾರು ಎಂಬತ್ತೈದು” ಎಂದು ಬರೆಸಿದೆ.

ತರುಣ ವಕೀಲರು ಆರಂಭಿಸಿದರು. ಮದುವೆ ಆದ ಇಸವಿ? ಗೊತ್ತಿಲ್ಲ. ಹೊಲದ ಸರ್ವೆ ನಂಬರು? ಗೊತ್ತಿಲ್ಲ. ಮೈದುನನೊಂದಿಗೆ ವಾಟ್ನಿ, ಅಂದರೆ ಆಸ್ತಿ ಪಾಲು, ಆದ ಇಸವಿ? ಗೊತ್ತಿಲ್ಲ. ಇವುಗಳಲ್ಲಿ ಒಂದನ್ನೂ ಆ ಕಾಲದ ಸೊಸೆಯಂದಿರಿಗೆ ಯಾರೂ ಹೇಳಿರಲಿಲ್ಲ, ಹಾಗಾಗಿ ಮರೆಯುವ ಪ್ರಶ್ನೆಯೇ ಇರಲಿಲ್ಲ. ಆದರೆ ಗೊತ್ತಿಲ್ಲ ಎಂಬ ಶಬ್ದ ಒಂದರ ಮೇಲೊಂದು ಬಿದ್ದಂತೆ ಆಕೆಯ ದನಿ ತಗ್ಗುತ್ತ ಬಂತು. ಆಮೇಲೆ ಅವರು, “ನಿನ್ನಿ ರಾತ್ರಿ ಏನ ಊಟ ಮಾಡೀರಿ ಆಯಿ?” ಎಂದರು. ಆಕೆ ಸೊಸೆಯ ಕಡೆ ನೋಡಿದಳು. ಸೊಸೆ ತುಟಿಯಲ್ಲೇ “ಸಂಗಟಿ” ಎಂದಳು. ಪಡಸಾಲೆ ಮತ್ತೆ ನಕ್ಕಿತು. ಕೂಸನ್ನು ನೋಡಿ ನಗುವಂಥ ನಗು.

“ಇರಲಿ ಬಿಡ್ರಿ ಆಯಿ,” ಎಂದರು ತರುಣ ವಕೀಲರು. “ವಯಸ್ಸಾತು. ಮೊದಲಿನಂಗ ಈಗ ನೆನಪ ಎಲ್ಲಿ ಇರತೈತಿ, ಹೌದಿಲ್ರಿ?”

“ಹೌದಪಾ. ಈ ವಯಸ್ಸಿಗೆ ಏನ ನೆನಪ ಇರತೈತಿ.”

ನಮ್ಮ ಕಡೆಯ ರೀತಿ ಗೊತ್ತಿಲ್ಲದವರಿಗೆ ಒಂದು ಮಾತು. ಇಲ್ಲಿ ಹಿರಿಯ ಹೆಣ್ಣುಮಗಳನ್ನು ಆರಾಮ ಇದ್ದೀರೇನ್ರಿ ಎಂದು ಕೇಳಿದರೆ ಆರಾಮ ಇದ್ದೇನೆ ಎನ್ನುವುದಿಲ್ಲ. ನಡದೈತಿ ನೋಡಪಾ ಎನ್ನುತ್ತಾಳೆ. ನೆನಪು ಚಲೋ ಐತಿ ಎಂದರೆ ಮೆರೆದಂತೆ, ದೃಷ್ಟಿ ತಾಗೀತು. ವಯಸ್ಸಾಯಿತು, ಏನೂ ನೆನಪಿರೂದಿಲ್ಲ ಎಂಬುದು ಬಾಗಿಲಿಗೆ ಬಂದವರಿಗೆ ನೀರು ಕೊಟ್ಟ ಹಾಗೆ ಒಂದು ಮರ್ಯಾದೆ. ಕೇಳಿದವರಿಗೂ ಗೊತ್ತು, ಹೇಳಿದವರಿಗೂ ಗೊತ್ತು. ಗೊತ್ತಿಲ್ಲದ್ದು ಕಾನೂನಿಗೆ ಮಾತ್ರ.

ಕೋರ್ಟಿನಲ್ಲಿ ಬರೆಯುವ ಪದ್ಧತಿ ಹೀಗಿದೆ. ವಕೀಲರು ಪ್ರಶ್ನೆ ಕೇಳುತ್ತಾರೆ, ಸಾಕ್ಷಿ ಹೌದು ಅಥವಾ ಇಲ್ಲ ಎನ್ನುತ್ತದೆ. ಬರೆಯುವವನು ಎರಡನ್ನೂ ಕಲಸಿ ಒಂದು ವಾಕ್ಯ ಮಾಡಿ ಸಾಕ್ಷಿಯ ಬಾಯಿಗೆ ಇಡುತ್ತಾನೆ. ನಾನು ರೂಢಿಯಂತೆ ಹೇಳಿ ಬರೆಸಿದೆ. ಆಮೇಲೆ ನಿಯಮದಂತೆ ಸಾಕ್ಷಿಗೆ ಓದಿ ಹೇಳಿದೆ:

“ನನಗೆ ವಯಸ್ಸಾಗಿದ್ದರಿಂದ ನನ್ನ ನೆನಪಿನ ಶಕ್ತಿ ಕುಂದಿದೆ ಎಂದರೆ ಸರಿ.”

ಆಕೆ ನನ್ನ ಮುಖವನ್ನೇ ನೋಡಿದಳು. ತಾನು ಆಡಿದ ಮಾತು ಕೋಟು ಹಾಕಿಕೊಂಡು ಎದುರು ನಿಂತದ್ದನ್ನು ಕಂಡ ಹಾಗೆ. ಎಲೆ ಅಡಿಕೆಯ ಚೀಲವನ್ನು ಬಿಚ್ಚಿದವಳು ಮತ್ತೆ ಕಟ್ಟಿದಳು.

ಅಲ್ಲಿಂದ ಆಕೆ ಇಳಿದದ್ದನ್ನು ನಾನು ಕಣ್ಣಾರೆ ನೋಡಿದೆ. ದಾರಿಯ ಬಾಯಲ್ಲಿ ಒಂದು ಹುಣಸೆ ಗಿಡವಿತ್ತೆಂದು ಆಕೆಯ ಪ್ರಮಾಣಪತ್ರದಲ್ಲಿತ್ತು.

“ಹುಣಸಿ ಗಿಡ ಯಾವ ಕಡೆ ಇತ್ರಿ?”

“ಎಡಕ್ಕ.”

“ಖಾತ್ರಿ ಏನ್ರಿ?”

ಆಕೆ ತಡೆದಳು. ಮಗನನ್ನು ನೋಡಿದಳು, ಮಗ ನೆಲ ನೋಡಿದ. “ಬಲಕ್ಕ ಇತ್ತೇನೋ.”

“ಎಡಕ್ಕೋ ಬಲಕ್ಕೋ?”

“ನನಗ… ಹೊಳೀವಲ್ದು.”

ಪ್ರತಿವಾದಿ ಎದ್ದು ಬಂದು ಆಕೆಯ ಬೆನ್ನಿಗೆ ದಿಂಬು ಕೊಟ್ಟ. “ಸಾಕ ಮಾಡ್ರಿ ವಕೀಲ್ರ, ದೊಡ್ಡವ್ವಗ ತ್ರಾಸ ಕೊಡಬ್ಯಾಡ್ರಿ. ಆಕಿಗೆ ಅರಳುಮರಳು ಅಂತ ನಾ ಮೊದಲ ಹೇಳಿಲ್ಲೇನು?” ಅವನ ದನಿಯಲ್ಲಿ ಕಪಟವಿರಲಿಲ್ಲ. ಅವನು ಮನಃಪೂರ್ವಕವಾಗಿ ನಂಬಿದ್ದ, ಅವನ ವಾದಕ್ಕೂ ಆ ನಂಬಿಕೆ ಅನುಕೂಲವಾಗಿತ್ತು. ಹೀಗೆ ಎರಡೂ ಕೂಡಿಬಂದ ನಂಬಿಕೆ ಬಹಳ ಗಟ್ಟಿ.

ಬಾಗಿಲ ಬಳಿ ನಿಂತಿದ್ದ ವಾದಿ ತನ್ನ ವಕೀಲರ ಕಿವಿಯಲ್ಲಿ ಏನೋ ಹೇಳಿದ. ಇಡೀ ಪಡಸಾಲೆಗೆ ಕೇಳಿತು: “ಆಯಿ ಮಾತ ಹೋತಂದ್ರ ನನ್ನ ಹೊಲಾ ಹೋದಂಗ್ರಿ.”

ತರುಣ ವಕೀಲರು ಕೊನೆಯ ಪ್ರಶ್ನೆ ಎಂದರು. “ಆಯಿ, ಆ ದಾರಿ ಇತ್ತಂತ ನಿಮಗ ಖಾತ್ರಿ ಇಲ್ಲ. ಮಂದಿ ಹೇಳಿದ್ದಕ್ಕ ಹೇಳೀರಿ. ಹೌದಿಲ್ರಿ?”

ಆಕೆಯ ತುಟಿ ಅಲುಗಿತು. ಬರುತ್ತಿದ್ದದ್ದು ಹೌದಪಾ ಎಂಬುದೇ ಎಂದು ನನಗೆ ಕಂಡಿತು. ನೀರು ಕೊಡುವ ಮರ್ಯಾದೆ ಈಗ ಉಳಿದಿರಲಿಲ್ಲ. ಆಕೆಗೇ ಅದು ಖರೆ ಅನಿಸತೊಡಗಿತ್ತು.

ಕಮಿಷನರು ಸಾಕ್ಷಿಗೆ ಸಹಾಯ ಮಾಡುವಂತಿಲ್ಲ. ಕೆಮ್ಮುವುದೂ ಕಷ್ಟ. ಆದರೆ ಹೊತ್ತು ನೋಡುವ ಅಧಿಕಾರ ಅವನಿಗಿದೆ. ನಾನು ಗಡಿಯಾರ ನೋಡಿ, “ಊಟದ ಹೊತ್ತು ಮೀರಿತು. ಇವತ್ತಿಗೆ ಮುಂದೂಡಿದೆ,” ಎಂದೆ.

“ಸರ್, ಪ್ರಶ್ನೆ ಕೇಳೀನ್ರೀ, ಉತ್ತರ ಬರಬೇಕಲ್ರಿ?”

“ಉತ್ತರ ಎಲ್ಲಿಗೂ ಹೋಗೂದಿಲ್ಲ. ಮುಂದಿನ ಸಲ ಇದೇ ಪ್ರಶ್ನೆಯಿಂದ ಸುರುಮಾಡೋಣ.”

ಮುಂದೂಡಿದ್ದಕ್ಕೆ ಕಾರಣ ಬರೆಯಬೇಕಲ್ಲ. ಕಮಿಷನರಿಗೆ ಹಸಿವಾಗಿದೆ ಎಂದು ಬರೆಯಲು ನಿಯಮವಿಲ್ಲ. “ಸಾಕ್ಷಿದಾರರು ವಯೋವೃದ್ಧರಿದ್ದು ದಣಿದಿರುವುದರಿಂದ” ಎಂದು ಬರೆಸಿದೆ. ಬೆಳಗಿನಿಂದ ನಡೆದದ್ದರ ಮೇಲೆ ನನ್ನದೂ ಒಂದು ಕಲ್ಲು ಇಟ್ಟೆನೆಂದು ಆಗ ಹೊಳೆಯಲಿಲ್ಲ.

ಸಾಕ್ಷಿಯ ಮನೆಯಲ್ಲಿ ಕಮಿಷನರು ಉಣ್ಣುವಂತಿಲ್ಲವೆಂದು ನಾನು ಹೊರಗೆ ಬೇವಿನ ಗಿಡದ ಕೆಳಗೆ ಬುತ್ತಿ ಬಿಚ್ಚಿದೆ. ಮಂದಿ ಚದುರಿದ್ದರು. ಮುದುಕಿ ಗೋಡೆ ಹಿಡಿದು ಅಂಗಳಕ್ಕೆ ಬಂದು, ಎತ್ತರದ ಮಣೆಯ ಮೇಲೆ ಕೂತು, ಮರದಲ್ಲಿ, ಅಂದರೆ ಕೇರುವ ಮೊರದಲ್ಲಿ, ಕಡಲೆ ಹಸನು ಮಾಡತೊಡಗಿದಳು. ಟೈಪಿಸ್ಟ್ ಬಾಯಿ ಪಕ್ಕದಲ್ಲಿ ರೊಟ್ಟಿ ತಿನ್ನುತ್ತಿದ್ದರು. ನಮ್ಮ ಕಡೆಯ ಮೊದಲ ಪ್ರಶ್ನೆ ಬಂತು: “ನೀ ಯಾರ ಪೈಕಿಯವ್ವಾ?”

ರಾಮದುರ್ಗ ಎಂದು ಗಂಡನ ಮನೆತನ ಹೇಳಿದ್ದೇ ತಡ, ಮುದುಕಿಯ ಬಾಯಿಂದ ಓಣಿ ಬಂತು, ಮನೆ ಬಂತು, ಟೈಪಿಸ್ಟ್ ಬಾಯಿಯ ಅತ್ತೆಯನ್ನು ತೊರಗಲ್ಲಿನ ಯಾವ ಮನೆಯಿಂದ ತಂದರು, ಆ ಮದುವೆಯಲ್ಲಿ ಯಾರು ಸಿಟ್ಟಾಗಿ ಉಣ್ಣದೆ ಎದ್ದು ಹೋದರು, ಎಲ್ಲ ಬಂತು. ಕೈ ನಿಲ್ಲಲಿಲ್ಲ, ಮರ ನಿಲ್ಲಲಿಲ್ಲ. ಟೈಪಿಸ್ಟ್ ಬಾಯಿ ರೊಟ್ಟಿ ಹಿಡಿದುಕೊಂಡೇ ನನ್ನ ಬಳಿ ಬಂದರು.

“ಕೇಳಿದ್ರೇನ್ರಿ ಸರ್? ನಮ್ಮ ಅತ್ತಿ ತವರಮನಿ ಕಥಿ ನನಗ ಗೊತ್ತಿರಲಿಲ್ಲ!”

“ಅದು ದಾಖಲೆಯಲ್ಲಿಲ್ಲ,” ಎಂದೆ.

“ಹಂಗಾರ ದಾಖಲೆದಾಗ ಏನೈತ್ರಿ?”

ಆ ಪ್ರಶ್ನೆಯನ್ನು ನಾನು ತಳ್ಳಿಹಾಕಿದೆ. ಆದರೆ ಹೊರಡುವಾಗ ಮುದುಕಿ ನನ್ನನ್ನು ಕರೆದಳು. ಕೇಸಿನ ಮಾತು ಆಡಬಾರದು ಎಂದೆ. “ಕೇಸಿಂದಲ್ಲ,” ಎಂದಳು. “ನಾ ಹೌದು ಅಂದದ್ದ ಬರದ್ರೇನು?”

“ಬರದೀವ್ರಿ ಆಯಿ.”

“ಹಂ.” ಕಡಲೆಯನ್ನು ಒಮ್ಮೆ ಕೇರಿದಳು. “ಕೋರ್ಟಿನಾಗ ಬರದಮ್ಯಾಲ ಇನ್ನ ಹಂಗ ಇರಬೇಕಲ್ರಿ.”

ಸವದತ್ತಿಗೆ ಬರುವ ಬಸ್ಸಿನಲ್ಲಿ ಹಾಳೆಗಳನ್ನು ತೆಗೆದು ಓದಿದೆ. ವಾಕ್ಯಗಳೆಲ್ಲ “ನಾನು” ಎಂದು ಸುರುವಾಗಿದ್ದವು, ಶಬ್ದಗಳೆಲ್ಲ ತರುಣ ವಕೀಲರವು. ಮುದುಕಿ ಆಡಿದ ಒಂದು ಮಾತೂ ಇರಲಿಲ್ಲ. ಹತ್ತಾರು ವರ್ಷ ಹೀಗೆ ಬರೆಸಿದ್ದೇನೆ, ಹೀಗೆ ಬರೆಸಿದ್ದನ್ನು ಓದಿ ವಾದಿಸಿದ್ದೇನೆ. ಪದ್ಧತಿ ಕೆಟ್ಟದ್ದೆಂದು ಅನಿಸಿರಲಿಲ್ಲ, ಈಗಲೂ ಪೂರ್ತಿ ಅನಿಸುವುದಿಲ್ಲ. ವೇಳೆ ಉಳಿಯುತ್ತದೆ.

ಪಕ್ಕದಲ್ಲಿ ಟೈಪಿಸ್ಟ್ ಬಾಯಿ ಇದ್ದರು. “ಮುಂದಿನ ಸಲ ಆ… ಅದನ್ನ ತರೋದು ಮರೀಬ್ಯಾಡ್ರಿ,” ಎಂದೆ.

“ಕಾರ್ಟ್ರಿಜ್ ಏನ್ರಿ ಸರ್,” ಎಂದರು ತಟ್ಟನೆ.

ಅದೇ ಎಂದೆ. ಆಮೇಲೆ ಯೋಚನೆ ಹತ್ತಿತು. ಎರಡು ವರ್ಷದಿಂದ ಬಾರ್ ರೂಮಿನಲ್ಲಿ ನನ್ನ ವಾಕ್ಯಗಳ ಬಾಲವನ್ನು ಬೇರೆಯವರೇ ಜೋಡಿಸುತ್ತಿದ್ದರು, ಗೌರವದಿಂದ. ಮೊದಮೊದಲು ನನಗೆ ಸಿಟ್ಟು ಬರುತ್ತಿತ್ತು. ಆಮೇಲೆ ಅನುಕೂಲವಾಯಿತು. ಈಚೆಗೆ ನಾನು ವಾಕ್ಯವನ್ನು ಅರ್ಧಕ್ಕೆ ಬಿಟ್ಟು ಅವರ ಮುಖ ನೋಡುತ್ತ ನಿಲ್ಲುತ್ತಿದ್ದೆ, ಮುದುಕಿ ಸೊಸೆಯ ಮುಖ ನೋಡಿದ ಹಾಗೆ. ಕಾರ್ಟ್ರಿಜ್ ಎಂಬ ಶಬ್ದ ನನಗೆ ಬರುತ್ತಿತ್ತೋ ಇಲ್ಲವೋ ಇನ್ನು ಯಾರಿಗೂ ಗೊತ್ತಾಗುವಂತಿರಲಿಲ್ಲ.

ಮನೆಗೆ ಬಂದು ಕಾನೂನಿನ ಪುಸ್ತಕ ತೆಗೆದೆ. ಬೇಕೆನಿಸಿದ ಕಡೆ ಪ್ರಶ್ನೆಯನ್ನು ಪ್ರಶ್ನೆಯಾಗಿ, ಉತ್ತರವನ್ನು ಉತ್ತರವಾಗಿ, ಆಡಿದ ಹಾಗೇ ಬರೆಯಲು ಅವಕಾಶವಿದೆ. ಸಾಕ್ಷಿ ಹೇಗೆ ನಡೆದುಕೊಂಡಿತೆಂದು ಟಿಪ್ಪಣಿ, ಅಂದರೆ ಷರಾ, ಬರೆಯಲೂ ಅವಕಾಶವಿದೆ. ಕೂರುವ ಜಾಗ ನನ್ನ ಇಚ್ಛೆ. ಅಲ್ಲಿ ಯಾರು ಇರಬೇಕೆಂಬುದೂ ನನ್ನ ಇಚ್ಛೆ. ಇಷ್ಟನ್ನು ಮಾಡುವುದೆಂದು ನಿರ್ಧರಿಸಿದೆ. ಮೊದಲ ದಿನದ ಒಂದಕ್ಷರವನ್ನೂ ತಿದ್ದಬಾರದೆಂದೂ ನಿರ್ಧರಿಸಿದೆ. ಬರೆದದ್ದು ಬರೆದದ್ದೇ, ಅದರ ಪಕ್ಕದಲ್ಲಿ ಇನ್ನೊಂದು ಕೂರಬಹುದಷ್ಟೇ.

ಎರಡನೆಯ ಸಲ ಬೆಳಗಿನಲ್ಲೇ ಹೋದೆವು. ವಾದಿ, ಪ್ರತಿವಾದಿ, ಅವರ ವಕೀಲರು ಬಿಟ್ಟು ಉಳಿದವರೆಲ್ಲ ಹೊರಗಿರಬೇಕೆಂದೆ. ಸೊಸೆಗೆ ಬೇಸರವಾಯಿತು. “ನಾ ಇಲ್ಲಂದ್ರ ಅತ್ತಿಯವರಿಗೆ ಯಾರ ನೆನಪ ಮಾಡಿ ಕೊಡತಾರ್ರಿ?” ಎಂದಳು. ಯಾರೂ ಇಲ್ಲ ಎಂದೆ. ಪಡಸಾಲೆಯ ಬದಲು ಅಂಗಳದಲ್ಲಿ ಕೂತೆವು. ಮುದುಕಿ ಮಣೆಯ ಮೇಲೆ ಕೂತು ಹೆಸರುಕಾಳು ಹಸನು ಮಾಡುತ್ತಿದ್ದಳು. ಕೆಲಸ ನಿಲ್ಲಿಸಿ ಎಂದು ನಾನು ಹೇಳಲಿಲ್ಲ. ಕೂಗಲೂ ಇಲ್ಲ.

ತರುಣ ವಕೀಲರು ಎದ್ದರು. “ಸರ್, ತಕರಾರು ಐತ್ರಿ. ಸಾಕ್ಷಿ ಮರಾ ಹಿಡಕೊಂಡ ಸಾಕ್ಷಿ ಹೇಳಬಹುದೇನ್ರಿ?”

“ಬರಕೊಳ್ರಿ,” ಎಂದೆ ಟೈಪಿಸ್ಟ್ ಬಾಯಿಗೆ. “ತಕರಾರು: ಸಾಕ್ಷಿದಾರರು ಮರ ಹಿಡಿದಿದ್ದಾರೆ. ಷರಾ: ಹೌದು, ಹಿಡಿದಿದ್ದಾರೆ.”

ಪ್ರಶ್ನೋತ್ತರ ರೂಪದಲ್ಲಿ ಬರೆಯುತ್ತೇನೆ ಎಂದಾಗ ಎರಡನೆಯ ತಕರಾರು ಬಂತು. ಅದನ್ನೂ ಬರೆಸಿದೆ. ಆಮೇಲೆ ಉಳಿದ ಪ್ರಶ್ನೆಯನ್ನು ಅವರು ಮತ್ತೆ ಕೇಳಿದರು: ದಾರಿ ಇತ್ತೆಂಬುದು ಖಾತ್ರಿಯಿಲ್ಲ, ಅಲ್ಲವೆ?

“ಖಾತ್ರಿ ಐತಿ,” ಎಂದಳು ಮುದುಕಿ, ಹೆಸರಿನಿಂದ ಒಂದು ಹರಳು ಆರಿಸಿ ಎಸೆಯುತ್ತ.

“ಮೊನ್ನೆ ನೀವ ಹೇಳೀರಲ್ರಿ ಆಯಿ, ನೆನಪ ಕಡಿಮಿ ಆಗೈತಿ ಅಂತ?”

“ಹೇಳೇನಿ. ಎಲ್ಲಾ ನೆನಪೈತಿ ಅಂದ್ರ, ಮುದುಕಿ ಹೆಂಗ ಮೆರೀತಾಳ ನೋಡು ಅಂತೀರಿ. ಅದಕ್ಕ ಹೌದು ಅಂದೆ. ನೀವು ಬರಕೊಂಡ್ರಿ. ಇವರು ಓದಿ ಹೇಳಿದ್ರು. ಆಮ್ಯಾಗ ಖರೇನ ಏನೂ ಹೊಳೀಲಿಲ್ಲ. ಹುಣಸಿ ಗಿಡ ಕಣ್ಣ ಮುಂದ ಇದ್ದದ್ದು ಹೊಂಟ ಹೋತು.”

“ಹಂಗಂದ್ರ ಮರೆವು ಐತಿ ಅಂದಂಗಾತಲ್ರಿ?”

ಆಕೆ ಮರವನ್ನು ತೊಡೆಯ ಮೇಲಿಟ್ಟಳು. “ಮರತದ್ದೂ ಐತಿ, ಮರೀದಿದ್ದೂ ಐತಿ. ನಿನಗ ಯಾವುದು ಬೇಕು ಅದನ್ನ ಕೇಳು, ತಮ್ಮಾ.”

ಟೈಪಿಸ್ಟ್ ಬಾಯಿ ನನ್ನ ಕಡೆ ನೋಡಿದರು. ಇದ್ದ ಹಾಗೇ ಬರೀರಿ ಎಂದೆ.

“ಹುಣಸಿ ಗಿಡ ಎಡಕ್ಕಿತ್ತೋ ಬಲಕ್ಕೋ?”

“ಅದನ್ನ ಮರತೇನಿ.”

ಮೊದಲ ದಿನ ಈ ಉತ್ತರಕ್ಕೆ ಮೊದಲು ಆಕೆ ಎಲ್ಲರ ಮುಖ ಹುಡುಕಿದ್ದಳು. ಈ ಸಲ ಯಾರ ಮುಖವನ್ನೂ ನೋಡಲಿಲ್ಲ.

“ಗಿಡಾನ ನೆನಪಿಲ್ಲ, ದಾರಿ ಹೆಂಗ ನೆನಪೈತ್ರಿ?”

ಈ ಪ್ರಶ್ನೆಯನ್ನು ಅವರು ಕೇಳಬಾರದಿತ್ತು. ನಾನಾಗಿದ್ದರೆ ಅಲ್ಲಿಗೆ ನಿಲ್ಲಿಸುತ್ತಿದ್ದೆ. ಮುದುಕಿ ನಿಧಾನವಾಗಿ ಹೇಳಿದಳು. ಎಳ್ಳಮಾವಾಸ್ಯೆಗೆ ಚರಗ ಚೆಲ್ಲಲು, ಅಂದರೆ ಬೆಳೆಗೆ ಎಡೆ ಹಾಕಲು, ಎಲ್ಲ ಮನೆಗಳ ಚಕ್ಕಡಿ ಹೊಲಕ್ಕೆ ಹೋಗುತ್ತಿದ್ದವು. ಒಡ್ಡಿನ ದಾರಿ ಇಕ್ಕಟ್ಟು, ಒಂದು ಚಕ್ಕಡಿ ನಿಂತರೆ ಇನ್ನೊಂದು ದಾಟುವಂತಿಲ್ಲ. ಅದಕ್ಕೇ ಹಿಂದಿನ ಹೊಲದವರ ಚಕ್ಕಡಿ ಮೊದಲು ಹೋಗಬೇಕು, ಮುಂದಿನ ಹೊಲದವರದು ಆಮೇಲೆ.

“ನಮ್ಮ ಮಾವ ಊರಿಗೆ ಗೌಡ ಇದ್ದಂಗ ಇದ್ದ. ಆದ್ರ ಅವತ್ತ ಈ ಸಾಬರ ಚಕ್ಕಡಿ ದಾಟೂತನಕ ದನ ನೀರ ಕುಡಿಯೂ ಕಲ್ಲ ದೋಣಿ ಹತ್ರ ಕಾಯತಿದ್ದ. ನಾ ಹೊಸದಾಗಿ ಬಂದಾಕಿ. ಯಾಕ ಕಾಯೂದು, ಕಡಬು ಆರತಾವು ಅಂತ ನನ್ನ ಗಂಡಗ ಅಂದೆ. ಮಾವ ಕೇಳಿಸಿಕೊಂಡ. ‘ಅವರ ಹಿಂದ ಉಳದ್ರ ಅವರ ಹೊಲಕ್ಕ ಹೆಂಗ ಹೋಗತಾರ್ವಾ, ಹಾರಿ ಹೋಗತಾರೇನು’ ಅಂದ. ಎಲ್ಲಾರೂ ನಕ್ಕರು. ನನಗ ಮಾರಿ ಎತ್ತಾಕ ಆಗಲಿಲ್ಲ. ಅದನ್ನ ಹೆಂಗ ಮರೀಲಿ?”

ಪ್ರತಿವಾದಿಯ ಅಜ್ಜ ಆ ಮಾವ. ಮೊಮ್ಮಗ ತಲೆ ಕೆಳಗೆ ಹಾಕಿ ಕೂತಿದ್ದ. ತರುಣ ವಕೀಲರು, ಇದು ಸುಳ್ಳೆಂದು ಸೂಚಿಸುತ್ತೇನೆ ಎಂದು ರೂಢಿಯ ಕೊನೆಯ ಮಾತು ಹೇಳಿದರು. ಮುದುಕ ಮಂದಿ ಸುಳ್ಳು ಹೇಳಬಹುದು, ಇದು ಸುಳ್ಳಲ್ಲ ಎಂದಳು. ಅದನ್ನೂ ಬರೆದೆವು. ಎಲ್ಲವನ್ನೂ ಓದಿ ಹೇಳಿದಾಗ ಆಕೆ ತಲೆಯಾಡಿಸುತ್ತ ಕೇಳಿದಳು. “ಇದು ನನ್ನ ಮಾತಿನಂಗ ಐತಿ,” ಎಂದು ಹೆಬ್ಬೆಟ್ಟು ಒತ್ತಿದಳು.

ಷರಾ ಬರೆಯಲು ನನಗೆ ಬಹಳ ಹೊತ್ತು ಹಿಡಿಯಿತು. ಕೊನೆಗೆ ಬರೆದದ್ದು ಇಷ್ಟು: ಮೊದಲ ದಿನ ಸಾಕ್ಷಿಯ ವಯಸ್ಸು ಮತ್ತು ಮರೆವಿನ ಬಗ್ಗೆ ಸಾಕ್ಷಿಯ ಎದುರಿನಲ್ಲೇ ಅನೇಕರು ಮಾತನಾಡಿದರು, ಅದರ ನಂತರದ ಉತ್ತರಗಳಲ್ಲಿ ಸಾಕ್ಷಿ ತಡವರಿಸಿದರು. ಎರಡನೆಯ ದಿನ ಅಂಥ ಮಾತು ನಡೆಯಲಿಲ್ಲ. ಗೊತ್ತಿದ್ದುದನ್ನು ಗೊತ್ತಿದೆ ಎಂದರು, ಮರೆತದ್ದನ್ನು ಮರೆತಿದ್ದೇನೆ ಎಂದರು. ಮುಂದೂಡಿದ ದಿನ ಸಾಕ್ಷಿ ದಣಿದಿದ್ದರೆಂದು ಬರೆದದ್ದು ಕಮಿಷನರ ಊಹೆ.

ಈ ಷರಾ ಸುಮ್ಮನೆ ಹೋಗಲಿಲ್ಲ. ಪ್ರತಿವಾದಿಯ ಕಡೆಯಿಂದ ಅರ್ಜಿ ಬಂತು: ಕಮಿಷನರು ಸಾಕ್ಷಿಯ ಪರ ವಾಲಿದ್ದಾರೆ, ಎರಡನೆಯ ದಿನದ ಹೇಳಿಕೆಯನ್ನು ತೆಗೆದುಹಾಕಬೇಕು. ಅದಕ್ಕಾಗಿ ಕಮಿಷನರನ್ನೇ ವಿಚಾರಣೆ ಮಾಡಲು ಅನುಮತಿ ಬೇಕು. ಅನುಮತಿ ಸಿಕ್ಕಿತು. ಬೇಸಿಗೆಯ ಒಂದು ಮಧ್ಯಾಹ್ನ, ನಾನು ಜೀವಮಾನವಿಡೀ ಎದುರು ನಿಂತು ಮಾತಾಡಿಸಿದ ಕಟಕಟೆಯೊಳಗೆ ಹೋಗಿ ನಿಂತೆ. ಒಳಗಿನಿಂದ ಅದು ಇಕ್ಕಟ್ಟು.

ಹೆಸರು, ತಂದೆಯ ಹೆಸರು, ವಯಸ್ಸು. ಅರವತ್ತೆಂಟು ಎಂದೆ. ಹಿಂದೆ ಕೂತಿದ್ದ ಕಿರಿಯ ವಕೀಲರಲ್ಲಿ ಒಬ್ಬರು ಎದ್ದು, “ಸರ್‌ಗೆ ಒಂದು ಕುರ್ಚಿ ಹಾಕ್ರಿ” ಎಂದರು. ಕುರ್ಚಿ ಬಂತು. ಒಳ್ಳೆಯ ಮನಸ್ಸಿನಿಂದ ಬಂದ ಕುರ್ಚಿ. ನಾನು ಕೂತೆ. ಕೂತೊಡನೆ ಕಾಲು ನೋಯತೊಡಗಿತು, ಅಲ್ಲಿಯವರೆಗೆ ನೋವಿರಲಿಲ್ಲ.

ತರುಣ ವಕೀಲರು ಮೊದಲ ದಿನ ಎಷ್ಟು ಜನರಿದ್ದರೆಂದು ಕೇಳಿದರು. ನೆನಪಿಲ್ಲ ಎಂದೆ. ಎರಡನೆಯ ದಿನ ಎಷ್ಟು ಹೊತ್ತಿಗೆ ಆರಂಭಿಸಿದಿರಿ? ಹಾಳೆ ನೋಡಿ ಹೇಳಬೇಕು ಎಂದೆ. ಹಾಳೆ ನೋಡುವಂತಿಲ್ಲ ಎಂದರು. ಸಾಕ್ಷಿ ವಯೋವೃದ್ಧರು, ದಣಿದಿದ್ದರು ಎಂದು ಬರೆದವರು ನೀವೇ ಅಲ್ಲವೆ? ನಾನೇ. ನನ್ನ ದನಿ ತಗ್ಗುತ್ತಿರುವುದು ನನಗೇ ಕೇಳಿಸಿತು.

ಆಗ ಅವರು ಬಹಳ ಗೌರವದಿಂದ ಬಾಗಿ ಕೇಳಿದರು: “ಸರ್, ನೀವು ನಮಗೆಲ್ಲ ಹಿರಿಯರು. ತಪ್ಪ ತಿಳೀಬ್ಯಾಡ್ರಿ. ವಯಸ್ಸಾದಮ್ಯಾಲ ನಮಗ್ಯಾರಿಗೂ ನೆನಪು ಮೊದಲಿನಂಗ ಇರೂದಿಲ್ಲ. ಹೌದಿಲ್ರಿ?”

ಹೌದ್ರೀಪಾ ಎಂಬುದು ನನ್ನ ನಾಲಿಗೆಯ ಮೇಲೇ ಬಂದಿತ್ತು. ಎಷ್ಟು ಸಲ ಹೇಳಿದ ಮಾತು. ಬಾರ್ ರೂಮಿನಲ್ಲಿ, ಬೀಗರ ಮನೆಯಲ್ಲಿ, ಮೊಮ್ಮಗಳ ಶಾಲೆಯಲ್ಲಿ. ಹೇಳಿದರೆ ಎಲ್ಲರೂ ನಗುತ್ತಾರೆ, ವಾತಾವರಣ ತಿಳಿಯಾಗುತ್ತದೆ, ಹಿರಿಯರು ಸರಳ ಮನುಷ್ಯರು ಎನ್ನುತ್ತಾರೆ. ಕೋರ್ಟಿನ ಟೈಪಿಸ್ಟನ ಬೆರಳು ಕೀಲಿಗಳ ಮೇಲೆ ಸಿದ್ಧವಾಗಿತ್ತು. ಆ ವಾಕ್ಯ ಹೇಗೆ ಅಚ್ಚಾಗುತ್ತದೆಂದು ನನಗೆ ಮೊದಲೇ ಕಾಣುತ್ತಿತ್ತು. ಅದರ ಹಿಂದೆ ಒಂದು ಚಕ್ಕಡಿ ದಾರಿ ಹೇಗೆ ಮುಚ್ಚುತ್ತದೆಂದೂ ಕಾಣುತ್ತಿತ್ತು.

ನಾನು ಕುರ್ಚಿಯಿಂದ ಎದ್ದೆ.

“ಮರತದ್ದೂ ಐತಿ, ಮರೀದಿದ್ದೂ ಐತ್ರಿ,” ಎಂದೆ. “ನಿಮಗ ಯಾವುದು ಬೇಕು ಅದನ್ನ ಕೇಳ್ರಿ.”

ತರುಣ ವಕೀಲರಿಗೆ ಆ ಮಾತು ಯಾರದೆಂದು ಗೊತ್ತಾಯಿತು. ನ್ಯಾಯಾಧೀಶರಿಗೂ, ಅವರ ಮುಂದೆ ಹೇಳಿಕೆಯ ಹಾಳೆ ತೆರೆದಿತ್ತು. ಅವರು ನನ್ನನ್ನೊಮ್ಮೆ, ಹಾಳೆಯನ್ನೊಮ್ಮೆ ನೋಡಿ ಟೈಪಿಸ್ಟನಿಗೆ, “ಪ್ರಶ್ನೆ ಬೇರೆ, ಉತ್ತರ ಬೇರೆ ಹೊಡೀರಿ. ಆಡಿದಂಗ,” ಎಂದರು.

ಹೇಳಿಕೆ ದಾಖಲೆಯಲ್ಲಿ ಉಳಿಯಿತು. ಮುಂದೆ ತೀರ್ಪು ವಾದಿಯ ಪರವಾಯಿತು. ಅದರಲ್ಲಿ ಕಲ್ಲು ದೋಣಿಯ ಬಳಿ ಕಾಯುತ್ತಿದ್ದ ಮಾವನ ಮಾತನ್ನು ಪೂರ್ತಿ ಎತ್ತಿ ಬರೆದಿದ್ದರು. ಪ್ರತಿವಾದಿ ಮೇಲ್ಮನವಿಗೆ ಹೋಗಲಿಲ್ಲ. ಅಜ್ಜನ ವಿರುದ್ಧ ಎಲ್ಲಿಗೆ ಹೋಗುವುದು ಎಂದನಂತೆ.

ಬೇಲಿ ತೆಗೆದ ಮೇಲೆ ಒಮ್ಮೆ ಆ ಕಡೆ ಹೋಗಿದ್ದೆ, ಬಿರುದಿಲ್ಲದೆ, ಕೋಟಿಲ್ಲದೆ. ವಾದಿ ಟ್ರ್ಯಾಕ್ಟರಿನ ಟ್ರೇಲರಿನಲ್ಲಿ ಮುದುಕಿಯನ್ನು ಎತ್ತಿ ಕೂರಿಸಿಕೊಂಡು ಹೊಲದ ಕಡೆ ಹೊರಟಿದ್ದ. ನನ್ನನ್ನೂ ಹತ್ತಿಸಿಕೊಂಡರು. ಒಡ್ಡಿನ ಬಾಯಿಗೆ ಬಂದಾಗ ಆಕೆ ನಿಲ್ಲಿಸು ಎಂದಳು. ಎರಡೂ ಕಡೆ ಕಬ್ಬು ಆಳೆತ್ತರ ನಿಂತಿತ್ತು. ಗಿಡ ಕಡಿದು ಎಷ್ಟು ಕಾಲವಾಗಿತ್ತೋ, ಬುಡದ ಗುರುತೂ ಇರಲಿಲ್ಲ. ಆಕೆ ಎಡಕ್ಕೆ ನೋಡಿದಳು, ಬಲಕ್ಕೆ ನೋಡಿದಳು, ಬಹಳ ಹೊತ್ತು.

“ಇಲ್ಲೆ ಇತ್ತ ನೋಡ್ರಿ ಹುಣಸಿ ಗಿಡ,” ಎಂದಳು. “ಯಾವ ಕಡೆ ಇತ್ತೋ, ಇನ್ನೂ ಹೊಳೀವಲ್ದು.”

ನಾನು ಏನಾದರೂ ಹೇಳುತ್ತೇನೆಂದು ಕಾಯದೆ ಸೆರಗಿನಿಂದ ಬಾಯಿ ಒರೆಸಿಕೊಂಡು ಟ್ರೇಲರಿನ ಹಲಗೆ ತಟ್ಟಿ ಮುಂದಿದ್ದವನನ್ನು ಕೂಗಿದಳು.

“ನಡಿ ಮಗಾ. ದಾರಿ ಐತಲ್ಲ.”